ಸಾರ್ವಜನಿಕ ಹಿತಕ್ಕಾಗಿ ಊರಿಲ್ಲದ ಊರಿಗೆ

ಮೇಷ್ಟರ ಮನೆಯಲ್ಲಿ ಹಾಲು ಉಕ್ಕುವುದೂ ವರ್ಗದ ಆರ್ಡರು ಬರುವುದೂ ಒಂದೇ ರೀತಿ. ಕಣ್ಣಿಟ್ಟು ಕಾದಷ್ಟು ಹೊತ್ತು ಏನೂ ಆಗುವುದಿಲ್ಲ. ಆ ಕಡೆ ತಿರುಗಿದಿರೋ, ಆಗಿಹೋಗಿರುತ್ತದೆ. ಮೈಸೂರು ರಾಜ್ಯ ದೊಡ್ಡದಾಗಿ ಇನ್ನೂ ಕೆಲವೇ ವರ್ಷವಾಗಿದ್ದ ಕಾಲ ಅದು. ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟ, ಈ ನಾಲ್ಕು ತಾಲ್ಲೂಕುಗಳಲ್ಲಿ ನಮ್ಮನ್ನು ಚೌಕಾಬಾರದ ಕಾಯಿಗಳ ಹಾಗೆ ನಡೆಸುತ್ತಿದ್ದರು. ಕವಡೆ ಹಾಕುವವರು ಯಾರೆಂದು ನಮಗೆ ಕಾಣುತ್ತಿರಲಿಲ್ಲ, ಅಷ್ಟೇ.

ನಾನು ಪ್ರೈಮರಿ ಶಾಲೆಯ ಟೀಚರು. ನನಗೆ ಬೇಕಾಗಿದ್ದುದು ಒಂದೇ ಒಂದು: ತಾಳಿ ಕಟ್ಟಿದ ಗಂಡ ಮತ್ತು ಕಟ್ಟಿಸಿಕೊಂಡ ನಾನು ಒಂದೇ ಸೂರಿನ ಕೆಳಗೆ ಇರಬೇಕು. ನಮ್ಮ ಯಜಮಾನರು ಶಿಡ್ಲಘಟ್ಟದ ಸರ್ಕಾರಿ ರೇಷ್ಮೆ ಫಾರಂನಲ್ಲಿ ನೌಕರರು. ಮದುವೆಯಾದ ಮೇಲೂ ನಾನು ಚಿಂತಾಮಣಿಯ ಆಚೆಗಿನ ಹಳ್ಳಿಯೊಂದರಲ್ಲೇ ಕೊಳೆತೆ. ಅರ್ಜಿ ಬರೆದು ಬರೆದು, ಕಂಡವರಿಗೆಲ್ಲ ಕೈ ಮುಗಿದು, ಕೊನೆಗೊಮ್ಮೆ ಸಾದಲಿ ದಾರಿಯಲ್ಲಿ, ಶಿಡ್ಲಘಟ್ಟಕ್ಕೆ ಸೈಕಲ್ಲಿನಲ್ಲಿ ಓಡಾಡುವಷ್ಟು ಹತ್ತಿರದ ಹಳ್ಳಿಯೊಂದು ಸಿಕ್ಕಿತು. ಮನೆ ಹೂಡಿದೆವು. ಒಲೆಗೆ ಮಸಿ ಹಿಡಿಯುವುದರೊಳಗೆ ಎಬ್ಬಿಸಿದರು. ಈ ಕಥೆಯನ್ನು ಹೇಳುವಾಗ ನನಗೆ ಈಗಲೂ ಮೈ ಉರಿಯುತ್ತದೆ, ಕೇಳಿದವರು ನಗುತ್ತಾರೆ. ನಗಲಿ. ನಿಮ್ಮ ಟ್ರಂಕನ್ನು ಬಸ್ಸಿನ ಮೇಲೆ ಎಸೆದಾಗ ಗೊತ್ತಾಗುತ್ತದೆ.

ಹುಳಕ್ಕೆ ರಜ ಇಲ್ಲ

ಜಿಲ್ಲಾ ಬೋರ್ಡಿನ ಅಧ್ಯಕ್ಷರು ಆ ಊರಿನವರೇ. ಮೇಷ್ಟರ ವರ್ಗವೆಲ್ಲ ಅವರ ಬಾಯಿಮಾತಿನಲ್ಲಿ. ರೇಷ್ಮೆ ಸಾಕುವ ದೊಡ್ಡ ಮನೆತನ. ಆ ಸಲ ಅವರ ಮನೆಯಲ್ಲಿ ಹುಳ ಚೆನ್ನಾಗಿ ಬಂದುಬಿಟ್ಟಿತು. ಹುಳ ಹಣ್ಣಾದ ದಿನ ಅಷ್ಟನ್ನೂ ಆರಿಸಿ ಬಿದಿರಿನ ಚಂದ್ರಿಕೆಗೆ ಬಿಡಬೇಕು, ಇಲ್ಲದಿದ್ದರೆ ಗೂಡು ಕಟ್ಟದೆ ಹಾಳಾಗುತ್ತವೆ. ಮನೆಯಲ್ಲಿ ಜಾಗ ಸಾಲದಿದ್ದರೆ ಪಕ್ಕದವರ ಜಗುಲಿ ಕೇಳಿ ಚಂದ್ರಿಕೆ ಇಟ್ಟುಕೊಳ್ಳುವುದು ನಮ್ಮ ಕಡೆಯ ವಾಡಿಕೆ. ಯಾರೂ ಇಲ್ಲವೆನ್ನುವುದಿಲ್ಲ. ಅಧ್ಯಕ್ಷರು ಮಾತ್ರ ಜಗುಲಿ ಕೇಳಲಿಲ್ಲ, ಶಾಲೆ ಕೇಳಿದರು.

"ಮೇಡಮ್ಮ, ನಾಳೆಯಿಂದ ಸ್ಕೂಲಿಗೆ ರಜ ಕೊಟ್ಬಿಡಮ್ಮ. ನಮ್ಮ ಚಂದ್ರಿಕೆ ಒಳಗಡೆ ಇಡಿಸ್ತೀನಿ."

"ಮಕ್ಕಳನ್ನ ಎಲ್ಲಿಗೆ ಕಳಿಸ್ಲಿ ಸ್ವಾಮಿ? ಪರೀಕ್ಷೆ ಹತ್ರ ಬಂತು."

"ಮಕ್ಕಳು ಇವತ್ತಲ್ಲದಿದ್ರೆ ನಾಳೆ ಕಲೀತವೆ ಕಣಮ್ಮ. ಹುಳಕ್ಕೆ ನಾಳೆ ಬಾ ಅಂತ ಹೇಳಕ್ಕಾಗ್ತದಾ?"

ನಾನು ಶಾಲೆಯ ಬೀಗದ ಕೈಯನ್ನು ಸೆರಗಿಗೆ ಗಂಟು ಹಾಕಿಕೊಂಡೆ. ಸಂಜೆ ಯಜಮಾನರ ಹತ್ತಿರ ಹೇಳಿಕೊಂಡರೆ ಅವರು ಸೈಕಲ್ ಒರೆಸುತ್ತಾ, "ಹುಳದ ವಿಷಯದಲ್ಲಿ ಅವ್ರು ಹೇಳಿದ್ದು ಸರಿಯಾಗೇ ಇದೆ ಕಣೇ" ಅಂದರು. ಆ ರಾತ್ರಿ ಅವರಿಗೆ ಮುದ್ದೆಗೆ ಬರೀ ಉಪ್ಪುಸಾರು.

ಅಧ್ಯಕ್ಷರ ಮನೆಯವರು ಚಂದ್ರಿಕೆಯಿಂದ ಗೂಡು ಬಿಡಿಸುವುದರೊಳಗೆ ನನ್ನ ವರ್ಗದ ಆರ್ಡರು ಬಂತು. ಗೌರಿಬಿದನೂರಿನ ಆಚೆ, ಆಂಧ್ರದ ಗಡಿಯ ಹತ್ತಿರ, ಹೆಸರೇ ಕೇಳದ ಒಂದು ಊರು. "ಸಾರ್ವಜನಿಕ ಹಿತದೃಷ್ಟಿಯಿಂದ" ಎಂದು ಬರೆದಿತ್ತು. ನಾನಿದ್ದ ಊರಿನಲ್ಲಿ ನನ್ನಿಂದ ತೊಂದರೆಯಾಗಿದ್ದು ಅಧ್ಯಕ್ಷರ ಹುಳಗಳಿಗೆ ಮಾತ್ರ. ಸಾರ್ವಜನಿಕರು ಎಂದರೆ ಅವೇ ಇರಬೇಕು ಎಂದುಕೊಂಡೆ.

ಮುಂಚೆಯೇ ಹೇಳಿ ಕೇಳಬೇಕು

ಚಿಕ್ಕಬಳ್ಳಾಪುರಕ್ಕೆ ಹೋಗಿ ಒಬ್ಬ ವಯಸ್ಸಾದ ವಕೀಲರನ್ನು ಕಂಡೆವು. ನ್ಯಾಯವಂತರು. ಅವರಿಗೆ ಒಂದೇ ಒಂದು ಕೆಟ್ಟ ಅಭ್ಯಾಸ: ಯಾರು ಏನು ಹೇಳಿದರೂ ಮೊದಲು ಎದುರು ಕಕ್ಷಿಯ ಪರವಾಗಿ ವಾದ ಮಾಡಿ ನೋಡುತ್ತಿದ್ದರು. ನಾನು ಅರ್ಧ ಗಂಟೆ ನನ್ನ ಗೋಳು ಹೇಳಿಕೊಂಡೆ. ಅವರು ಅರ್ಧ ಗಂಟೆ ಅಧ್ಯಕ್ಷರ ಹುಳಗಳ ಕಷ್ಟ ಹೇಳಿದರು. ನಾನು ಎದ್ದು ನಿಂತ ಮೇಲೆ, "ಕೂತ್ಕೊಳಮ್ಮ, ಕೇಸು ಗಟ್ಟಿಯಾಗಿದೆ" ಅಂದರು.

"ಹಾಗಾದ್ರೆ ನಾಳೇನೇ ಹಾಕಿ ಸ್ವಾಮಿ. ವಾರದೊಳಗೆ ಅಲ್ಲಿಗೆ ಹೋಗ್ಬೇಕು ಅಂತ ಬರೆದಿದ್ದಾರೆ."

"ನಾಳೆ ಆಗೋದಿಲ್ಲ. ಸರ್ಕಾರದ ಮೇಲೆ ದಾವಾ ಹಾಕ್ಬೇಕಾದ್ರೆ ಎರಡು ತಿಂಗಳು ಮುಂಚೆ ಅವರಿಗೆ ನೋಟಿಸು ಕೊಡ್ಬೇಕು."

ಸರ್ಕಾರ ನನ್ನನ್ನು ಎತ್ತಿ ಎಸೆಯಲು ಒಂದು ಗಳಿಗೆ ಸಾಕು. ಯಾಕಪ್ಪಾ ಎಸೆದೆ ಎಂದು ಕೇಳಲು ನಾನು ಎರಡು ತಿಂಗಳು ಮುಂಚಿತವಾಗಿ ಹೇಳಿಕಳಿಸಬೇಕು. ಹೊಡೆಸಿಕೊಂಡವನು ಅಳುವುದಕ್ಕೆ ಅಪ್ಪಣೆ ಕೇಳಿದ ಹಾಗೆ. ನನ್ನ ಮುಖ ನೋಡಿ ವಕೀಲರಿಗೆ ಪಾಪ ಅನ್ನಿಸಿರಬೇಕು.

"ಅದು ಒಳ್ಳೇ ಉದ್ದೇಶಕ್ಕೆ ಮಾಡಿರೋ ಕಾನೂನಮ್ಮ. ಆ ಎರಡು ತಿಂಗಳಲ್ಲಿ ಸರ್ಕಾರ ಯೋಚನೆ ಮಾಡಿ, ತನ್ನ ತಪ್ಪು ತಾನೇ ತಿದ್ಕೊಳ್ಳಿ ಅಂತ. ಅಲ್ಲೀವರೆಗೆ ನೀವು ಹೋಗಿ ಕೆಲಸಕ್ಕೆ ಸೇರ್ಕೊಳ್ಳಿ. ಗೈರುಹಾಜರಾದ್ರೆ ಕೇಸು ಬಿದ್ದುಹೋಗ್ತದೆ."

"ತಿದ್ಕೊಂಡಿದ್ದು ನೀವು ಯಾವತ್ತಾದ್ರೂ ನೋಡಿದ್ದೀರಾ?" ಎಂದು ಯಜಮಾನರು ಕೇಳಿದರು.

ವಕೀಲರು ಕನ್ನಡಕ ತೆಗೆದು ಒರೆಸಿ, "ನಾನು ಪ್ರಾಕ್ಟೀಸಿಗೆ ಬಂದು ಇನ್ನೂ ಮೂವತ್ತೇ ವರ್ಷ ಆಗಿರೋದು" ಅಂದರು.

ಊರಿಲ್ಲವೆಂದು ಊರಿನವರಿಂದ

ಗೌರಿಬಿದನೂರಿನಲ್ಲಿ ಬಸ್ಸಿಳಿದು ಆ ಊರಿನ ಹೆಸರು ಹೇಳಿದರೆ ಯಾರಿಗೂ ಗೊತ್ತಿಲ್ಲ. ಕೊನೆಗೆ ಗಾಡಿಯವನೊಬ್ಬ ಕರೆದುಕೊಂಡು ಹೋದ. ದಾರಿಯುದ್ದಕ್ಕೂ ನನ್ನ ಟ್ರಂಕನ್ನೂ ನನ್ನನ್ನೂ ತಿರುತಿರುಗಿ ನೋಡಿದ. ಒಂದು ಬಯಲಿನಲ್ಲಿ ಎತ್ತು ನಿಲ್ಲಿಸಿ, "ಇದೇ ಅಮ್ಮಾ" ಅಂದ. ಒಂದು ದೊಡ್ಡ ಹುಣಸೆಮರ. ಮಾಡು ಕುಸಿದ ಆಂಜನೇಯನ ಗುಡಿ. ನಾಲ್ಕಾರು ಮುರುಕು ಗೋಡೆ, ಅದರ ಮೇಲೆ ಲಂಟಾನ ಪೊದೆ.

"ಊರೆಲ್ಲಪ್ಪಾ?"

"ಊರು ಲೇದಮ್ಮಾ. ಎಪ್ಪುಡೋ ಪೋಯಿಂದಿ." ಊರು ಎಂದೋ ಹೋಯಿತಂತೆ.

ಪಕ್ಕದ ಊರಿನ ಶ್ಯಾನುಭೋಗರನ್ನು ಹುಡುಕಿಕೊಂಡು ಹೋದೆ. ಅವರು ಬಹಳ ಸಮಾಧಾನವಾಗಿ ವಿವರಿಸಿದರು. "ಊರು ಇಲ್ಲ ಅನ್ಬೇಡಿ ತಾಯಿ. ಊರಿದೆ. ಲೆಕ್ಕದಲ್ಲಿದೆ, ನಕ್ಷೆಯಲ್ಲಿದೆ, ಗಡಿಕಲ್ಲು ಕೂಡ ಇದೆ. ಜನ ಇಲ್ಲ, ಅಷ್ಟೇ. ಹಿಂದೆ ಯಾವಾಗಲೋ ಪ್ಲೇಗು ಬಂದು ಬಿಟ್ಟುಹೋದ್ರು. ಇಂಥಾದ್ದಕ್ಕೆ ಬೇಚಿರಾಕ್ ಗ್ರಾಮ ಅಂತೀವಿ. ದೀಪ ಹಚ್ಚೋರಿಲ್ಲದ ಊರು."

"ಜನ ಇಲ್ಲದ ಊರಿಗೆ ಶಾಲೆ ಯಾಕೆ ಮಂಜೂರಾಯ್ತು?"

"ಲೆಕ್ಕದಲ್ಲಿರೋ ಊರಿಗೆಲ್ಲ ಒಂದೊಂದು ಶಾಲೆ ಅಂತ ಆಗಿರ್ಬೇಕು."

ಆಮೇಲೆ ವಿಚಾರಿಸಿದಾಗ ಇನ್ನೊಂದು ಸಂಗತಿ ತಿಳಿಯಿತು. ಆ ಶಾಲೆಗೆ ನನಗಿಂತ ಮುಂಚೆ ಎಷ್ಟೋ ಮೇಷ್ಟರು ವರ್ಗವಾಗಿದ್ದರು. ಯಾರ ಮೇಲೆ ಯಾರಿಗೆ ಕೋಪ ಬಂದರೂ ಇಲ್ಲಿಗೇ ಹಾಕುತ್ತಿದ್ದರು. ಅವರೆಲ್ಲ ಯಾರದೋ ಕಾಲು ಹಿಡಿದು, ಬಸ್ಸು ಹತ್ತುವ ಮುಂಚೆಯೇ ಆರ್ಡರು ರದ್ದು ಮಾಡಿಸಿಕೊಂಡಿದ್ದರು. ನಿಜವಾಗಿ ಬಂದು ನೋಡಿದವಳು ನಾನೊಬ್ಬಳೇ. ಹೀಗಾಗಿ ಶಾಲೆ ಇಲ್ಲವೆಂಬುದು ಇಲಾಖೆಗೆ ಗೊತ್ತಾಗಲು ಅವಕಾಶವೇ ಆಗಿರಲಿಲ್ಲ.

ಗೌರಿಬಿದನೂರಿಗೆ ವಾಪಸು ಬಂದು ನಮ್ಮ ಕಚೇರಿಯ ಗುಮಾಸ್ತರ ಮುಂದೆ ನಿಂತೆ. "ಅಲ್ಲಿ ಊರೇ ಇಲ್ಲ ಸ್ವಾಮಿ."

"ಬಾಯಲ್ಲಿ ಹೇಳಿದ್ರೆ ನಡೆಯಲ್ಲಮ್ಮ. ಬರಹದಲ್ಲಿ ಕೊಡಿ."

"ಕೊಡಿ ಕಾಗದ, ಈಗ್ಲೇ ಬರ್ಕೊಡ್ತೀನಿ."

"ನೀವು ಬರೆದ್ರೆ ಹೇಗಾಗುತ್ತೆ? ಊರಿಲ್ಲ ಅಂತ ಆ ಊರಿನ ಪಟೇಲರ ಕೈಲಿ ಬರೆಸಿ, ಊರ ಹತ್ತು ಜನರ ಸಹಿ ಹಾಕಿಸ್ಕೊಂಡು ಬನ್ನಿ."

ನಿಧಿ

ಬೇರೆ ದಾರಿಯಿರಲಿಲ್ಲ. ಪಕ್ಕದ ಊರಿನಲ್ಲಿ ಒಂದು ಕೋಣೆ ಹಿಡಿದೆ. ದಿನಾ ಬೆಳಿಗ್ಗೆ ಹತ್ತು ಗಂಟೆಗೆ ಹೋಗಿ ಹುಣಸೆಮರದ ಕೆಳಗೆ ಚಾಪೆ ಹಾಸಿ ಕೂರುವುದು, ಐದು ಗಂಟೆಗೆ ಚಾಪೆ ಸುತ್ತಿಕೊಂಡು ಬರುವುದು. ಗೈರುಹಾಜರು ಎನ್ನಿಸಿಕೊಳ್ಳಬಾರದಲ್ಲ. ಓದಿದ ಹೆಂಗಸು, ಸರ್ಕಾರದ ಸಂಬಳ ತಿನ್ನುವವಳು, ಹಾಳೂರಿನಲ್ಲಿ ಓತಿಕ್ಯಾತಗಳಿಗೆ ಕಾವಲು ಕೂತಿದ್ದೆ. ಕೆಲವು ದಿನ ಸಿಟ್ಟಿಗೆ ಅಳು ಬರುತ್ತಿತ್ತು. ಅಲ್ಲಿ ಶಿಡ್ಲಘಟ್ಟದಲ್ಲಿ ನಮ್ಮ ಯಜಮಾನರು ಒಬ್ಬರೇ ಅನ್ನ ಸೀಯಿಸಿಕೊಂಡು ತಿನ್ನುತ್ತಿದ್ದರು.

ಪಕ್ಕದ ಊರಿನವರು ಬಹುಮಟ್ಟಿಗೆ ಕುರಿ ಮೇಕೆ ಸಾಕುವವರು, ಮನೆಮಾತು ತೆಲುಗು. ಅವರ ಶಾಲೆಯೂ ಲೆಕ್ಕದಲ್ಲಿ ಮಾತ್ರ ಇತ್ತು. ಮೊದಲು ಒಬ್ಬ ಅಜ್ಜಿ ಮೇಕೆ ಹೊಡೆದುಕೊಂಡು ಬಂದು ನನ್ನನ್ನು ನೋಡಿ ನಿಂತಳು.

"ಏಮಮ್ಮಾ, ಇಕ್ಕಡೆಂದುಕು ಕೂಸುನ್ನಾವು?" ಇಲ್ಲೇಕೆ ಕೂತಿದ್ದೀಯ ಎಂದು.

"ಇದು ಶಾಲೆ ಅವ್ವಾ. ನಾನು ಮೇಡಂ."

ಅಜ್ಜಿ ಸುತ್ತ ಒಮ್ಮೆ ನೋಡಿದಳು. ಗುಡಿ ನೋಡಿದಳು, ಪೊದೆ ನೋಡಿದಳು, ನನ್ನ ಚಾಪೆ ನೋಡಿದಳು. "ಸರಿ ಸರಿ" ಎಂದು ತಲೆಯಾಡಿಸಿ ಹೋದಳು. ಮಾರನೆಯ ದಿನ ಊರೆಲ್ಲ ಸುದ್ದಿ: ಹಾಳೂರಿನ ಆಂಜನೇಯನ ಗುಡಿಯಲ್ಲಿ ನಿಧಿಯಿದೆ, ಸರ್ಕಾರದವರು ಒಬ್ಬ ಹೆಂಗಸನ್ನು ಕಾವಲಿಗೆ ಕೂರಿಸಿದ್ದಾರೆ, ಹೆಂಗಸಾದರೆ ಯಾರಿಗೂ ಅನುಮಾನ ಬರುವುದಿಲ್ಲವಲ್ಲ!

ಊರ ಹಿರಿಯರು ನಾಲ್ವರು ಬಂದರು. ನಾನು ಶಾಲೆ ಶಾಲೆ ಎಂದು ಬಾಯಿ ಬಡಿದುಕೊಂಡೆ. "ಶಾಲೆ ಆದ್ರೆ ಮಕ್ಕಳೆಲ್ಲಮ್ಮಾ?" ಅಂದರು. "ನಿಮ್ಮ ಮಕ್ಕಳನ್ನೇ ಕಳಿಸಿ, ಪಾಠ ಹೇಳಿ ತೋರಿಸ್ತೀನಿ" ಅಂದೆ. ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಮಾರನೆಯ ದಿನ ಮನೆಗೊಂದರಂತೆ ಮಕ್ಕಳು ಬಂದವು. ಚಪ್ಪಡಿ ಕಲ್ಲಿನ ಮೇಲೆ ಇದ್ದಿಲಿನಿಂದ ಅ ಆ ಬರೆದೆ. ತಿದ್ದಿದವು. ಒಂದು ತಿಂಗಳಲ್ಲಿ ಮಗ್ಗಿ ಹೇಳತೊಡಗಿದವು. ಎಷ್ಟು ದಿನವಾಗಿತ್ತೋ ಬಾಯಿ ತುಂಬ ಪಾಠ ಹೇಳಿ. ಯಾರ ಮೇಲೆ ಸಿಟ್ಟಿದ್ದರೇನು, ಕಲಿಯಲು ಕೂತ ಮಕ್ಕಳ ಮೇಲೆ ತೋರಿಸಲಾಗುತ್ತದೆಯೇ? ಹಾಜರಿ ನೋಡಿದರೆ ಒಂದು ಮಗುವೂ ಒಂದು ದಿನವೂ ತಪ್ಪಿಸುತ್ತಿರಲಿಲ್ಲ. ನನಗೆ ಹೆಮ್ಮೆಯೋ ಹೆಮ್ಮೆ.

ಒಂದು ದಿನ ಒಬ್ಬ ಹುಡುಗಿಯನ್ನು, "ನಿನಗೆ ಶಾಲೆ ಅಂದ್ರೆ ಅಷ್ಟು ಇಷ್ಟಾನೇನಮ್ಮ?" ಎಂದು ಕೇಳಿದೆ.

"ಇಲ್ಲ ಮೇಡಮ್ಮ. ನೀನು ಅಗೆದಾಗ ನಮ್ಮನೇರು ಯಾರಾದ್ರೂ ಒಬ್ರು ಇರ್ಬೇಕಂತೆ. ಇಲ್ದಿದ್ರೆ ಪಾಲು ಸಿಗಲ್ವಂತೆ."

ಹೊಗೆಸೊಪ್ಪು

ಎರಡು ತಿಂಗಳಾಯಿತು. ಸರ್ಕಾರ ತನ್ನ ತಪ್ಪು ತಿದ್ದಿಕೊಳ್ಳಲಿಲ್ಲ. ವಕೀಲರು ಚಿಕ್ಕಬಳ್ಳಾಪುರದ ಮುನ್ಸೀಫರ ಮುಂದೆ ದಾವೆ ಹಾಕಿದರು: ಈ ವರ್ಗಾವಣೆ ದ್ವೇಷದ್ದು, ಇಲ್ಲದ ಊರಿನದ್ದು, ರದ್ದಾಗಬೇಕು. ಅಧ್ಯಕ್ಷರನ್ನೂ ಒಬ್ಬ ಪ್ರತಿವಾದಿ ಮಾಡಿದ್ದರು. ಕೋರ್ಟಿನ ನೋಟಿಸು ಮುಟ್ಟಿಸಲು ಅಮೀನ ಅವರ ಮನೆಗೆ ಹೋದ.

ಈ ಅಮೀನನ ದವಡೆಯಲ್ಲಿ ಸದಾ ಹೊಗೆಸೊಪ್ಪು. ರೇಷ್ಮೆ ಹುಳಕ್ಕೆ ಹೊಗೆಸೊಪ್ಪಿನ ಸೋಂಕು ತಗುಲಿದರೆ ಅಲ್ಲೇ ಸಾಯುತ್ತದೆ. ಅದನ್ನು ತಿನ್ನುವವರನ್ನು ಹುಳದ ಮನೆಯ ಹೊಸಿಲು ದಾಟಿಸುವುದಿಲ್ಲ. ಮನೆಯ ಹೆಂಗಸರು ಬೀದಿಯಲ್ಲೇ ತಡೆದರು. ಇನ್ನೊಂದು ತಿಂಗಳು ಬಿಟ್ಟು ಹೋದ, ಆಗಲೂ ಹುಳ. ಮತ್ತೊಮ್ಮೆ ಹೋದ, ಆಗ ಪಕ್ಕದ ಮನೆಯಿಂದ ಎರಡು ತಟ್ಟೆ ಹುಳ ಎರವಲು ತಂದು ಇಟ್ಟುಕೊಂಡಿದ್ದರಂತೆ. "ಹುಳದ ಕಾರಣ ನೋಟಿಸು ಜಾರಿಯಾಗಿಲ್ಲ" ಎಂದು ಅಮೀನ ಕೋರ್ಟಿಗೆ ಬರೆದುಕೊಟ್ಟ.

ಮುನ್ಸೀಫರು ಮಂಗಳೂರು ಕಡೆಯವರು, ಹೊಸದಾಗಿ ಬಂದವರು. "ಎಂತ ಹುಳ ಅದು? ಕೋರ್ಟಿನ ಅಮೀನ ಹುಳಕ್ಕೆ ಹೆದರುವುದೋ?" ಎಂದರು.

"ಹುಳಾನೇ ಇವನಿಗೆ ಹೆದರ್ತದೆ ಸ್ವಾಮಿ" ಎಂದು ನಮ್ಮ ವಕೀಲರು ವಿವರಿಸಿದರು.

"ಹಾಗಾದರೆ ಹೊಗೆಸೊಪ್ಪು ಬಿಡು" ಎಂದು ಮುನ್ಸೀಫರು ಅಮೀನನಿಗೆ ಹೇಳಿದರು.

ಅಮೀನ ಕೈ ಕಟ್ಟಿ ನಿಂತ. "ಕೆಲಸ ಬಿಡು ಅಂದ್ರೆ ಬಿಡ್ತೀನಿ ಮಹಾಸ್ವಾಮಿ."

ಹೀಗೆ ಅರ್ಧ ವರ್ಷ ಹೋಯಿತು. ಕೊನೆಗೆ ಶಿಡ್ಲಘಟ್ಟದ ಗೂಡಿನ ಮಾರುಕಟ್ಟೆಯಲ್ಲಿ ಅಮೀನ ಒಂದು ಕಂಬಕ್ಕೆ ಒರಗಿ ಅಡಿಕೆ ಚೀಲ ಬಿಚ್ಚಿಕೊಂಡು ನಿಂತಿದ್ದ. ಹಿಂದಿನಿಂದ ಯಾರೋ ಕೈ ಚಾಚಿ, "ಒಂದೆಸಳು ಹೊಗೆಸೊಪ್ಪಿದ್ರೆ ಕೊಡಯ್ಯ, ಮನೇಲಿ ತಿನ್ನಕ್ಕೆ ಬಿಡಲ್ಲ" ಅಂದರು. ತಿರುಗಿ ನೋಡಿದರೆ ಅಧ್ಯಕ್ಷರು. ಅಮೀನ ಆ ಕೈಯಲ್ಲಿ ನೋಟಿಸಿಟ್ಟ.

ವಾಯಿದೆ

ಆಮೇಲೆ ವಾಯಿದೆಗಳು ಶುರುವಾದವು. ಒಂದು ಸಲ ಸರ್ಕಾರಿ ವಕೀಲರಿಗೆ ಕಡತ ಸಿಗಲಿಲ್ಲ. ಇನ್ನೊಂದು ಸಲ ಕಡತ ಸಿಕ್ಕಿತು, ಸರ್ಕಾರಿ ವಕೀಲರು ಸಿಗಲಿಲ್ಲ. ನಾನು ಗೌರಿಬಿದನೂರಿನಿಂದ ಬಸ್ಸಿನಲ್ಲಿ ಬರುತ್ತಿದ್ದೆ. ಯಜಮಾನರು ಶಿಡ್ಲಘಟ್ಟದಿಂದ ಚಿಕ್ಕ ರೈಲಿನಲ್ಲಿ ಬರುತ್ತಿದ್ದರು. ಚಿಕ್ಕಬಳ್ಳಾಪುರದಲ್ಲಿ ಅವರ ಸೋದರತ್ತೆಯ ಮನೆಯಿತ್ತು. ಕೋರ್ಟು ಮುಗಿಸಿ, ಹೋಟೆಲಿನಲ್ಲಿ ಒಂದು ಮಸಾಲೆ ದೋಸೆ ಇಬ್ಬರೂ ಹಂಚಿಕೊಂಡು, ಅಲ್ಲಿ ಉಳಿದು ಬೆಳಿಗ್ಗೆ ಅವರವರ ದಾರಿ ಹಿಡಿಯುತ್ತಿದ್ದೆವು.

ಸರ್ಕಾರ ಒಂದು ಸಂಸಾರವನ್ನು ಎಲ್ಲಿಗೆ ತಂದು ನಿಲ್ಲಿಸಿತೆಂದು ನೋಡಿ. ಗಂಡಹೆಂಡತಿ ಕೋರ್ಟಿನ ಜಗುಲಿಯಲ್ಲಿ ಸಂಸಾರ ಮಾಡಬೇಕು. ವಕೀಲರು ಹೊರಗೆ ಬಂದು, "ಇವತ್ತೂ ಆಗ್ಲಿಲ್ಲಮ್ಮ, ಮುಂದಿನ ತಿಂಗಳಿಗೆ ಹಾಕಿದ್ದಾರೆ" ಎಂದು ಮುಖ ಸಣ್ಣದು ಮಾಡುತ್ತಿದ್ದರು. ನಾವೂ ಮುಖ ಸಣ್ಣದು ಮಾಡಿಕೊಳ್ಳುತ್ತಿದ್ದೆವು. ಅವರು ಅತ್ತ ಹೋದ ಮೇಲೆ ನಮ್ಮ ಯಜಮಾನರು, "ಮುಂದಿನ ತಿಂಗಳು ಯಾವ ವಾರವಂತೆ?" ಎಂದು ಕೇಳುವ ರೀತಿಯಲ್ಲಿ ದುಃಖವೇನೂ ಇರುತ್ತಿರಲಿಲ್ಲ.

ಹಬ್ಬಕ್ಕೆಂದು ಶಿಡ್ಲಘಟ್ಟಕ್ಕೆ ಹೋಗಿದ್ದಾಗ ಬೆಳಿಗ್ಗೆ ಎದ್ದವಳು ಹಿತ್ತಿಲಿಗೆ ಓಡಿದೆ. ಹೊಟ್ಟೆ ತೊಳಸುತ್ತಿತ್ತು. ಊರಿನಿಂದ ಬಂದಿದ್ದ ನಮ್ಮತ್ತೆ ಹಿಂದೆಯೇ ಬಂದು, ನನ್ನ ಬೆನ್ನು ನೀವುತ್ತಾ ನಿಧಾನವಾಗಿ ಹೇಳಿದರು:

"ಕೇಸು ಇನ್ನೂ ನಡೀತಾನೇ ಇದೆ ಅಂತಿದ್ರಲ್ಲಮ್ಮ. ತೀರ್ಪು ಆಗ್ಲೇ ಬಂದ್ಬಿಟ್ಟಂಗಿದೆ."

ಭಾನುವಾರ ಬಂದ ಕಮಿಷನರು

ಅಂತೂ ವಾದ ಶುರುವಾಯಿತು. ಸರ್ಕಾರಿ ವಕೀಲರು, ಆ ಗ್ರಾಮದ ಮಕ್ಕಳು ಗುರುವಿಲ್ಲದೆ ಕತ್ತಲೆಯಲ್ಲಿ ಕೊಳೆಯುತ್ತಿದ್ದುದನ್ನು ಕಣ್ಣೊರೆಸಿಕೊಳ್ಳುತ್ತಾ ವರ್ಣಿಸಿದರು. ನಮ್ಮ ವಕೀಲರು, ಅಲ್ಲಿ ನರಿಮರಿಗಳು ಬಿಟ್ಟರೆ ಬೇರೆ ಮಕ್ಕಳಿಲ್ಲ ಎಂದರು. ಮುನ್ಸೀಫರಿಗೆ ಸಾಕಾಗಿರಬೇಕು. ಒಬ್ಬ ಎಳೆಯ ವಕೀಲರನ್ನು ಕಮಿಷನರಾಗಿ ನೇಮಿಸಿ, ಹೋಗಿ ಕಣ್ಣಾರೆ ನೋಡಿ ವರದಿ ಕೊಡಿ ಎಂದರು. ಅವರು ಹೊರಟಿದ್ದು ಭಾನುವಾರ. ನಮ್ಮ ವಕೀಲರಿಗೆ ಬಹಳ ಸಂತೋಷವಾಯಿತು. ಭಾನುವಾರ ಶಾಲೆಯಿಲ್ಲ, ಮಕ್ಕಳಿಲ್ಲ. ಬೇಚಿರಾಕ್ ಊರು ಬೇಚಿರಾಕ್ ಆಗಿಯೇ ಕಾಣುತ್ತದೆ.

ಆದರೆ ಊರಿನವರು ಬೇರೆ ರೀತಿಯಲ್ಲಿ ಲೆಕ್ಕ ಹಾಕಿದ್ದರು. ಪಟ್ಟಣದಿಂದ ಯಾರೋ ಬರುತ್ತಾರಂತೆ. ಅಳತೆ ಟೇಪು ತರುತ್ತಾರಂತೆ. ಅದೂ ಮಕ್ಕಳು ಇಲ್ಲದ ಭಾನುವಾರವೇ ಬರುತ್ತಾರಂತೆ. ಇನ್ನೇನು ಬೇಕು? ನಿಧಿ ಅಗೆಯುವ ದಿನ ಬಂತು.

ಹೊಟ್ಟೆ ಹೊತ್ತುಕೊಂಡು ನಾನೂ ಹೋದೆ. ಹುಣಸೆಮರದ ಕೆಳಗೆ ಸಂತೆ ನೆರೆದಿತ್ತು. ಮಕ್ಕಳೆಲ್ಲ ತಲೆಗೆ ಎಣ್ಣೆ ಹಚ್ಚಿಕೊಂಡು ಸಾಲಾಗಿ ಕೂತಿದ್ದವು. ಅವರ ಹಿಂದೆ ಅಪ್ಪಂದಿರು, ಅಮ್ಮಂದಿರು, ಆ ಮೇಕೆ ಅಜ್ಜಿ, ಕಂಕುಳಲ್ಲಿ ಕೂಸುಗಳು. ಕಮಿಷನರು ಗುಡಿಯ ಕಡೆ ಒಂದು ಹೆಜ್ಜೆ ಇಟ್ಟರೆ ಊರೂ ಒಂದು ಹೆಜ್ಜೆ ಇಡುತ್ತಿತ್ತು. ಅವರು ಸುಮ್ಮನೆ ಒಂದು ಮಗುವನ್ನು ಮಗ್ಗಿ ಕೇಳಿದರು. ಅದು ಹತ್ತೊಂಬತ್ತರ ಮಗ್ಗಿಯನ್ನು ಕಣ್ಣು ಮುಚ್ಚಿ ಒಪ್ಪಿಸಿತು. ನಾನೇ ಕಲಿಸಿದ್ದು. ಆ ಕ್ಷಣ ಅದು ಒಂದೇ ಒಂದು ಕಡೆ ತಪ್ಪಬಾರದೇ ಎಂದುಕೊಂಡೆ. ತಪ್ಪಲಿಲ್ಲ.

"ಊರು ಇಲ್ಲವೆಂಬುದು ನಿಜ" ಎಂದು ಕಮಿಷನರು ವರದಿ ಬರೆದರು. "ಆದರೆ ಶಾಲೆ ಅತ್ಯುತ್ತಮವಾಗಿ ನಡೆಯುತ್ತಿದೆ. ಭಾನುವಾರವೂ ತಂದೆತಾಯಿಗಳು ಮಕ್ಕಳೊಂದಿಗೆ ಬಂದು ಕೂರುವ ಇಂಥ ವಿದ್ಯಾಭಿಮಾನವನ್ನು ನಾನು ಬೇರೆಲ್ಲೂ ಕಂಡಿಲ್ಲ."

ದಾವೆ ವಜಾ ಆಯಿತು. ಕೆಲಸ ಮಾಡದೆ ಕೂತಿದ್ದರೆ ನಾನು ಗೆಲ್ಲುತ್ತಿದ್ದೆ.

ಪ್ರತಿವಾದಿ ನಾನು

ಮಗಳು ಹುಟ್ಟಿದಳು. ರಜೆ ಮುಗಿಸಿ ಕೂಸನ್ನು ಕಟ್ಟಿಕೊಂಡು ಮತ್ತೆ ಅದೇ ಹುಣಸೆಮರಕ್ಕೆ ಬಂದೆ. ಅಷ್ಟರಲ್ಲಿ ಕಮಿಷನರ ವರದಿ ಎಲ್ಲರ ಕಿವಿಗೂ ಬಿದ್ದಿತ್ತು. ಆ ಶಾಲೆಗೆ ಕಟ್ಟಡ ಮಂಜೂರಾಯಿತು. ಕಟ್ಟಡ ಎದ್ದು ನಿಂತ ಮೇಲೆ ಅದು ಒಳ್ಳೆಯ ಜಾಗವಾಯಿತು. ಜಾಗ ಒಳ್ಳೆಯದಾದ ಮೇಲೆ ಅಧ್ಯಕ್ಷರ ತಂಗಿಯ ಸೊಸೆಗೆ ಅದು ಬೇಕಾಯಿತು. ಆಕೆಯ ಗಂಡ ಗೌರಿಬಿದನೂರಿನಲ್ಲಿದ್ದ. ನನ್ನನ್ನು ತೆಗೆದು ಆಕೆಯನ್ನು ಹಾಕಿದರು. ನನಗೆ ಶಿಡ್ಲಘಟ್ಟ. ಹಳ್ಳಿಯಲ್ಲ, ಪೇಟೆಯೇ. ಯಜಮಾನರ ಫಾರಂಗೆ ನಡೆದುಹೋಗುವಷ್ಟು ಹತ್ತಿರ. ಅದೂ ಸಾರ್ವಜನಿಕ ಹಿತಕ್ಕಾಗಿಯೇ. ನಾನು ಕೋರ್ಟಿಗೆ ಹೋಗಿ ಗೋಗರೆದರೂ ಸಿಗದಿದ್ದುದು ಅವರ ಸ್ವಾರ್ಥದಿಂದ ಸಿಕ್ಕಿತು. ನನಗೆ ಅವಮಾನವಾಗಬೇಕಿತ್ತು. ಆಗಲಿಲ್ಲ, ಟ್ರಂಕು ಕಟ್ಟಿದೆ.

ಯಜಮಾನರು ಬಂದು ಸಾಮಾನು ಗಾಡಿಗೇರಿಸುತ್ತಿದ್ದರು. ದೂರದಲ್ಲಿ ಆ ಹೊಗೆಸೊಪ್ಪಿನ ಅಮೀನ ಬರುತ್ತಿದ್ದ. ಹಿಂದೆ ಊರಿನವರು.

"ಏನಯ್ಯ, ಯಾರಿಗೆ ನೋಟಿಸು?"

"ನಿಮಗೇ ಮೇಡಮ್ಮ."

ಓದಿದೆ. ಪಕ್ಕದ ಊರಿನ ತಂದೆತಾಯಿಗಳು ವಾದಿಗಳು, ನಾನು ಪ್ರತಿವಾದಿ. ಮುಂದಿನ ಆಜ್ಞೆಯವರೆಗೆ ನಾನು ಶಾಲೆಯ ಚಾರ್ಜನ್ನು ಯಾರಿಗೂ ಕೊಡಕೂಡದೆಂದು ಮುನ್ಸೀಫರ ತಡೆಯಾಜ್ಞೆ. ಚಾರ್ಜು ಕೊಡದೆ ಯಾವ ಮೇಷ್ಟರೂ ಊರು ಬಿಡುವಂತಿಲ್ಲ.

"ಇದನ್ನ ಯಾರು ಹಾಕಿದ್ದು?" ಎಂದು ಕೂಗಿದೆ.

ಹಿರಿಯರೊಬ್ಬರು ಮುಂದೆ ಬಂದರು. "ನಿಮ್ಮ ವಕೀಲರೇ ಅಮ್ಮ. ಬಹಳ ಒಳ್ಳೇವರು. ಸರ್ಕಾರದ ಮೇಲೆ ಹೋದ್ರೆ ಎರಡು ತಿಂಗಳು ಕಾಯ್ಬೇಕಂತೆ. ನಿಮ್ಮ ಮೇಲೆ ಹೋದ್ರೆ ಅದೇ ದಿನ ಆಗ್ತದಂತೆ. ಅದಕ್ಕೇ ನಿಮ್ಮ ಮೇಲೇ ಹೋದ್ವಿ."

"ನಿಧಿ ಇಲ್ಲ, ಏನೂ ಇಲ್ಲ, ನನ್ನನ್ನ ಬಿಟ್ಬಿಡಿ."

"ನಿಧಿ ಇಲ್ಲ ಅಂತ ನಮಗೂ ಗೊತ್ತಾಯ್ತಮ್ಮ. ಕಟ್ಟಡಕ್ಕೆ ಪಾಯ ತೆಗೆದಾಗ ನೋಡಿದ್ವಿ. ಆದ್ರೆ ಮೇಕೆ ಕೊಳ್ಳೋರು ಈಗ ಲೆಕ್ಕದಲ್ಲಿ ಮೋಸ ಮಾಡಕ್ಕೆ ಬಂದ್ರೆ ನಮ್ಮ ಮಕ್ಕಳು ಹಿಡೀತವೆ."

ಅಳಬೇಕೋ ಬೈಯಬೇಕೋ ತಿಳಿಯಲಿಲ್ಲ, ಎರಡನ್ನೂ ಮಾಡಿದೆ. "ನನಗೂ ಗಂಡ ಇದ್ದಾನೆ, ಈ ಕೂಸಿಗೂ ಅಪ್ಪ ಬೇಡವಾ?" ಅಂದೆ. ಆ ಮೇಕೆ ಅಜ್ಜಿ ಹತ್ತಿರ ಬಂದು ಕೂಸನ್ನು ನನ್ನ ಕೈಯಿಂದ ತೆಗೆದುಕೊಂಡಳು.

"ನೀ ಮೊಗುಣ್ಣಿ ಕೂಡಾ ಇಕ್ಕಡಿಕೇ ತೆಪ್ಪಿಸ್ತಾಂಲೇಮ್ಮಾ." ನಿನ್ನ ಗಂಡನನ್ನೂ ಇಲ್ಲಿಗೇ ತರಿಸುತ್ತೇವೆ ಬಿಡು, ಎಂದಳು.

ಜನಸಂಖ್ಯೆ

ತರಿಸಿದರು. ನಮ್ಮ ಊರಿಗೂ ಹಿಪ್ಪುನೇರಳೆ ಬೆಳೆಸಿ ತೋರಿಸುವ ತೋಟ ಬೇಕು ಎಂದು ರೇಷ್ಮೆ ಇಲಾಖೆಗೆ ಹೆಬ್ಬೆಟ್ಟು ಒತ್ತಿ ಅರ್ಜಿ ಕೊಟ್ಟರು. ಬೇಚಿರಾಕ್ ಊರಿನಲ್ಲಿ ಖಾಲಿ ಜಾಗಕ್ಕೆ ಬರವೇ? ತೋಟವಾಯಿತು, ನೋಡಿಕೊಳ್ಳುವವನಿಗೆ ಒಂದು ಹೆಂಚಿನ ಮನೆಯಾಯಿತು, ನೋಡಿಕೊಳ್ಳಲು ನಮ್ಮ ಯಜಮಾನರೇ ವರ್ಗವಾಗಿ ಬಂದರು. ಊರಿನವರು ತಮ್ಮ ಕೇಸು ವಾಪಸು ತೆಗೆದುಕೊಂಡರು. ಅಧ್ಯಕ್ಷರ ತಂಗಿಯ ಸೊಸೆಗೆ ಅಷ್ಟರಲ್ಲಿ ಗೌರಿಬಿದನೂರು ಪೇಟೆಯ ಶಾಲೆಯೇ ಸಿಕ್ಕಿತ್ತು, ನನ್ನ ವರ್ಗ ತಾನಾಗಿ ರದ್ದಾಯಿತು. ಎಷ್ಟೋ ವರ್ಷಗಳ ಮೇಲೆ ಆ ಊರಿನಲ್ಲಿ ದೀಪ ಹಚ್ಚಿದವಳು ನಾನು. ಅಂದು ನಾವು ಮೂವರೂ ಒಂದೇ ಸೂರಿನ ಕೆಳಗೆ ಮಲಗಿದೆವು. ನನಗೆ ಸಂತೋಷಕ್ಕೆ ನಿದ್ದೆ ಹತ್ತಲಿಲ್ಲ.

ಆ ವರ್ಷ ಜನಗಣತಿಯವರು ಬಂದರು. ನಮ್ಮ ಹೆಸರು ಬರೆದುಕೊಂಡು ಹೋದರು. ಊರನ್ನು ಬೇಚಿರಾಕ್ ಪಟ್ಟಿಯಿಂದ ತೆಗೆದು ಮಾಮೂಲು ಊರು ಎಂದು ಸೇರಿಸಿದರು. ಶ್ಯಾನುಭೋಗರೇ ಬಂದು ಸಂತೋಷದಿಂದ ತಿಳಿಸಿದರು.

ಕೆಲವು ತಿಂಗಳ ನಂತರ ನಮ್ಮ ಇಲಾಖೆಯಿಂದ ಕಾಗದ ಬಂತು. ಸದರಿ ಗ್ರಾಮದ ಜನಸಂಖ್ಯೆ ಮೂರು ಎಂದು ಕಂಡುಬಂದಿದೆ. ಇಷ್ಟು ಕಡಿಮೆ ಜನಸಂಖ್ಯೆಯಿರುವ ಊರಿಗೆ ಶಾಲೆ ಕೊಡಲು ನಿಯಮದಲ್ಲಿ ಅವಕಾಶವಿಲ್ಲ. ಆದ್ದರಿಂದ ಶಾಲೆಯನ್ನು ಮುಚ್ಚಿ ಶಿಕ್ಷಕಿಯನ್ನು ಚಿಂತಾಮಣಿ ತಾಲ್ಲೂಕಿಗೆ ವರ್ಗ ಮಾಡಲಾಗುವುದು.

ನಾನು ಕಾಗದವನ್ನು ನೆಲಕ್ಕೆ ಎಸೆದು ಕೂಗಾಡಿದೆ. ಒಬ್ಬರೂ ಇಲ್ಲದಾಗ ಶಾಲೆ ಕೊಟ್ಟವರು, ಮೂರು ಜನವಾದ ಮೇಲೆ ಸಾಲದು ಎನ್ನುತ್ತಾರಲ್ಲ, ಇವರ ಕಣ್ಣಿಗೆ ಏನಾಗಿದೆ, ನಾನು ಬೆಂಗಳೂರಿನ ಹೈಕೋರ್ಟಿಗೇ ಹೋಗುತ್ತೇನೆ ಎಂದೆ. ಯಜಮಾನರು ಕಾಗದವನ್ನು ಎತ್ತಿಕೊಂಡು ಎರಡು ಸಲ ನಿಧಾನವಾಗಿ ಓದಿದರು.

"ಕೋರ್ಟು ಗೀರ್ಟು ಬೇಡ ಕಣೇ, ಟ್ರಂಕು ಕಟ್ಟು."

"ಎಲ್ಲಿಗೆ?"

"ಪಕ್ಕದೂರಿಗೆ. ನಿನ್ನ ಹಳೇ ಕೋಣೆ ಖಾಲಿ ಇದೆಯಲ್ಲ. ಇಲ್ಲಿ ಮೂರು ಜನ ಇದ್ರೆ ತಾನೇ ಜನ ಕಮ್ಮಿ ಅನ್ನೋದು?"

ಅಂದೇ ಗಾಡಿ ಕಟ್ಟಿದೆವು. ಶ್ಯಾನುಭೋಗರು ಊರನ್ನು ಮತ್ತೆ ಬೇಚಿರಾಕ್ ಎಂದು ಬರೆದು ಮೇಲಕ್ಕೆ ಕಳಿಸಿದರು. ಶಾಲೆ ಮುಚ್ಚುವ ಮಾತು ಅಲ್ಲಿಗೇ ನಿಂತಿತು. ಜನ ಕಡಿಮೆಯಿರುವ ಊರಿನ ಶಾಲೆಯನ್ನು ಮುಚ್ಚಲು ನಿಯಮವಿತ್ತು. ಜನವೇ ಇಲ್ಲದ ಊರಿನ ಶಾಲೆಯನ್ನು ಮುಚ್ಚಲು ಅವರ ಹತ್ತಿರ ಯಾವ ನಿಯಮವೂ ಇರಲಿಲ್ಲ. ನಾವು ಪಕ್ಕದೂರಿನಲ್ಲಿ ಮನೆ ಮಾಡಿಕೊಂಡು, ಬೆಳಿಗ್ಗೆ ಇಬ್ಬರೂ ಒಟ್ಟಿಗೆ ಊರಿಲ್ಲದ ಊರಿಗೆ ಕೆಲಸಕ್ಕೆ ಹೋಗಿ, ಸಂಜೆ ದೀಪ ಹಚ್ಚುವ ಹೊತ್ತಿಗೆ ತಪ್ಪದೆ ಹೊರಗೆ ಬರುತ್ತಿದ್ದೆವು.